ಸಿಂಕಿನ ಕೆಳಗಿನ ಬಕೆಟ್: ಮಲಯಾಳಂ ಸಿನಿಮಾ ಕೇರಳದ ಅಡುಗೆಮನೆಗೆ ಹೋದಾಗ

ಅಮ್ಮ ಸಿನಿಮಾ ನೋಡುವಾಗ ಜಾಸ್ತಿ ಮಾತಾಡುವುದಿಲ್ಲ. ಅವತ್ತು ನಾವು 'ದಿ ಗ್ರೇಟ್ ಇಂಡಿಯನ್ ಕಿಚನ್' ನೋಡುತ್ತಿದ್ದೆವು. ಅರ್ಧ ಮುಗಿದಿರಬೇಕು, ಅಮ್ಮ ಎದ್ದು ಒಳಗೆ ಹೋಗಿ ಹಾಲು ಕಾಯಿಸಿಟ್ಟು ಬಂದಳು. ಬಂದು ಕೂತವಳೇ ಕೇಳಿದಳು: "ಪ್ಲಂಬರ್ ಬಂದನಾ?"

ಬಂದಿರಲಿಲ್ಲ. ಆ ಸಿನಿಮಾದಲ್ಲಿ ಅವನು ಬರುವುದೇ ಇಲ್ಲ.

ಅಮ್ಮನಿಗೆ ಮಲಯಾಳಂ ಬರುವುದಿಲ್ಲ. ಸಬ್‌ಟೈಟಲ್ ಓದುವಷ್ಟು ಇಂಗ್ಲಿಷೂ ಇಲ್ಲ. ಆದರೂ ಕಥೆಯ ಗಂಟು ಎಲ್ಲಿದೆ ಅಂತ ಅವಳಿಗೆ ಗೊತ್ತಾಗಿತ್ತು. ಮಲಯಾಳಂ ಸಿನಿಮಾ ತನ್ನ ಸಮಾಜವನ್ನು ಚೆನ್ನಾಗಿ ತೋರಿಸುತ್ತದೆ ಅಂತ ನಾವೆಲ್ಲ ಹೇಳುತ್ತಲೇ ಇರುತ್ತೇವೆ. ಆದರೆ ಹೇಗೆ ತೋರಿಸುತ್ತದೆ? ಅದನ್ನು ಈ ಒಂದೇ ಸಿನಿಮಾ ಇಟ್ಟುಕೊಂಡು ನೋಡೋಣ ಅನಿಸಿತು. ಯಾಕೆಂದರೆ ಇಲ್ಲಿ ಸಿನಿಮಾ ಮಾತ್ರ ಇಲ್ಲ. ಅದು ಹುಟ್ಟಿದ ರೀತಿ, ಬಿಡುಗಡೆಯಾದ ಹೊತ್ತು, ಅದಕ್ಕೆ ಊರು ಕೊಟ್ಟ ಉತ್ತರ, ಅದನ್ನು ಮಾಡಿದ ಉದ್ಯಮದ ಒಳಮನೆ, ಎಲ್ಲವೂ ಒಂದಕ್ಕೊಂದು ಅಂಟಿಕೊಂಡಿವೆ.

ಮನೆ ಮತ್ತು ಮಂದಿ

ಬರೆದು ನಿರ್ದೇಶಿಸಿದವರು ಜಿಯೋ ಬೇಬಿ. ಸೊಸೆಯ ಪಾತ್ರದಲ್ಲಿ ನಿಮಿಷಾ ಸಜಯನ್, ಗಂಡನಾಗಿ ಸೂರಜ್ ವೆಂಜಾರಮೂಡು. ಕೊರೊನಾ ಕಾಲದಲ್ಲಿ, 2020ರಲ್ಲಿ, ಕೋಳಿಕ್ಕೋಡಿನ ಕಡೆ ಒಂದು ಹಳೇ ಮನೆಯಲ್ಲಿ ಚಿತ್ರೀಕರಣ ನಡೆಯಿತು. ಸಣ್ಣ ತಂಡ, ಕಡಿಮೆ ದುಡ್ಡು. ಮುಖ್ಯ ಪಾತ್ರಗಳಿಗೆ ಹೆಸರೇ ಇಲ್ಲ. ಗಂಡ, ಹೆಂಡತಿ, ಮಾವ, ಅತ್ತೆ, ಅಷ್ಟೇ.

ಮದುವೆಯಾಗಿ ಬಂದ ಹುಡುಗಿಗೆ ನೃತ್ಯ ಗೊತ್ತು. ಗಂಡ ಶಾಲೆಯ ಮೇಷ್ಟ್ರು, ಮಕ್ಕಳಿಗೆ ಸಮಾಜಶಾಸ್ತ್ರ ಕಲಿಸುತ್ತಾನೆ. ಕುಟುಂಬ ಅನ್ನುವುದರ ಬಗ್ಗೆ ಕ್ಲಾಸಿನಲ್ಲಿ ಪಾಠ ಮಾಡುವ ದೃಶ್ಯವೂ ಇದೆ. ಕೆಟ್ಟವನೇ ಅಂದರೆ, ಕಥೆಯ ಬಹುಪಾಲು ಅವನು ಜೋರಾಗಿ ಕೂಗುವುದೂ ಇಲ್ಲ, ಕೈ ಎತ್ತುವುದೂ ಇಲ್ಲ. ಮಾವ ಇನ್ನೂ ಮೆತ್ತಗೆ. ಪ್ರತಿ ಮಾತಿನಲ್ಲೂ 'ಮೋಳೇ' ಅನ್ನುತ್ತಾರೆ. ಮೋಳೇ ಅಂದರೆ ಮಗಳೇ. ಅನ್ನವನ್ನು ಕುಕ್ಕರಿನಲ್ಲಿ ಇಡಬೇಡ ಮಗಳೇ, ಸೌದೆ ಒಲೆಯಲ್ಲಿ ಮಾಡು. ಚಟ್ನಿಯನ್ನು ಮಿಕ್ಸಿಗೆ ಹಾಕಬೇಡ, ಕಲ್ಲಲ್ಲಿ ಅರೆ. ನನ್ನ ಬಟ್ಟೆ ವಾಷಿಂಗ್ ಮಷಿನ್ನಿಗೆ ಬೇಡ, ಬಟ್ಟೆ ಹಾಳಾಗುತ್ತದೆ. ಇದೆಲ್ಲ ನಗುನಗುತ್ತಲೇ ಬರುತ್ತದೆ. ಬೆಳಿಗ್ಗೆ ಅವರ ಬ್ರಷ್ಷಿಗೆ ಪೇಸ್ಟ್ ಹಾಕಿ ಕೈಗೆ ಕೊಡಬೇಕು. ಹೊರಗೆ ಹೊರಟರೆ ಚಪ್ಪಲಿ ತಂದು ಕಾಲ ಬಳಿ ಇಡಬೇಕು.

ಮೊದಲು ಇದನ್ನೆಲ್ಲ ಅತ್ತೆ ಮಾಡುತ್ತಾರೆ. ಬಸುರಿ ಮಗಳ ಆರೈಕೆಗೆ ಅಂತ ಅವರು ವಿದೇಶಕ್ಕೆ ಹೋಗುತ್ತಾರೆ. ಒಂದು ಅಡುಗೆಮನೆಯ ದುಡಿಮೆ ಬಿಟ್ಟು ಇನ್ನೊಂದು ಅಡುಗೆಮನೆಗೆ, ಸಮುದ್ರ ದಾಟಿ. ಹೊರದೇಶಕ್ಕೆ ಹೋದ ಮಕ್ಕಳ ಮನೆಗೆ ಬಾಣಂತನಕ್ಕೆ ಹೋಗುವ ಅಮ್ಮಂದಿರು ಕೇರಳದಲ್ಲಿ ಊರೂರಿಗೂ ಇದ್ದಾರೆ. ನಮ್ಮಲ್ಲೂ ಕಡಿಮೆ ಇಲ್ಲ. ಸಿನಿಮಾ ಇದನ್ನು ಒತ್ತಿ ಹೇಳುವುದಿಲ್ಲ. ಅತ್ತೆ ಹೊರಡುತ್ತಾರೆ, ಕಲ್ಲು, ಒಲೆ, ಬ್ರಷ್ಷು, ಚಪ್ಪಲಿ ಎಲ್ಲ ಸೊಸೆಯ ಪಾಲಿಗೆ ಬರುತ್ತವೆ.

ಈ ಅಡುಗೆಮನೆಯ ಸಿಂಕಿನ ಪೈಪು ಸೋರುತ್ತದೆ. ಕೊಳೆನೀರು ನೆಲಕ್ಕೆ ಬರುತ್ತದೆ. ಹುಡುಗಿ ಕೆಳಗೆ ಒಂದು ಬಕೆಟ್ ಇಡುತ್ತಾಳೆ, ಗೋಣಿತಾಟು ಹಾಸುತ್ತಾಳೆ. ಪ್ಲಂಬರ್‌ಗೆ ಹೇಳಿ ಅಂತ ಗಂಡನಿಗೆ ನೆನಪಿಸುತ್ತಾಳೆ. ಅವನು ಆಯ್ತು ಅನ್ನುತ್ತಾನೆ, ಮರೆಯುತ್ತಾನೆ. ಅವನು ಸುಳ್ಳು ಹೇಳುತ್ತಿಲ್ಲ, ನಿಜವಾಗಲೂ ಮರೆಯುತ್ತಾನೆ. ಅವನ ಕೈಗೆ ಆ ನೀರು ತಾಗುವುದಿಲ್ಲವಲ್ಲ, ನೆನಪಿರುವುದಾದರೂ ಹೇಗೆ?

ಕ್ಯಾಮೆರಾ ಎಲ್ಲಿ ನಿಂತಿದೆ

ಈ ಸಿನಿಮಾ ಯಾವ ಹೊಸ ಕಥೆಯನ್ನೂ ಹೇಳಲಿಲ್ಲ. ಅತ್ತೆಮನೆಯ ಕಷ್ಟ ನಮ್ಮ ಎಲ್ಲ ಭಾಷೆಯ ಸಿನಿಮಾಗಳಿಗೂ ಹಳೇ ಸರಕು. ಬದಲಾಗಿದ್ದು ಕ್ಯಾಮೆರಾ ನಿಂತ ಜಾಗ.

ಊಟದ ದೃಶ್ಯ ಅಂದರೆ ಸಾಮಾನ್ಯವಾಗಿ ಏನು? ಎಲೆ ಹಾಕಿದೆ, ಎಲ್ಲರೂ ಕೂತಿದ್ದಾರೆ, ಮಾತುಕತೆ ನಡೆದಿದೆ. ಬಡಿಸುವ ಕೈ ಮಾತ್ರ ಆಗಾಗ ಚೌಕಟ್ಟಿನೊಳಗೆ ಬಂದು ಹೋಗುತ್ತದೆ. ಊಟ ಮುಗಿದರೆ ದೃಶ್ಯ ಮುಗಿಯಿತು. ಜಿಯೋ ಬೇಬಿ ಊಟ ಮುಗಿದ ಮೇಲೆ ಅಲ್ಲೇ ನಿಲ್ಲುತ್ತಾರೆ. ಗಂಡಸರು ಎದ್ದು ಹೋದ ಮೇಜು ಕಾಣಿಸುತ್ತದೆ. ಅಗಿದು ಉಗಿದ ನುಗ್ಗೆಕಾಯಿ ಸಿಪ್ಪೆ ತಟ್ಟೆಯ ಪಕ್ಕದಲ್ಲಿ, ಮೇಜಿನ ಮೇಲೇ ಬಿದ್ದಿದೆ. ಆ ಎಂಜಲಿನ ನಡುವೆ ಜಾಗ ಮಾಡಿಕೊಂಡು ಅತ್ತೆ, ಸೊಸೆ ಊಟಕ್ಕೆ ಕೂರಬೇಕು. ಆಮೇಲೆ ಒರೆಸಬೇಕು, ಬಳಿಯಬೇಕು, ಮುಸುರೆ ತೊಳೆಯಬೇಕು. ಅದೂ ಒಂದು ಸಲ ತೋರಿಸಿ ಬಿಡುವುದಿಲ್ಲ. ಮತ್ತೆ ಮತ್ತೆ, ಮತ್ತೆ ಮತ್ತೆ. ಕೊಚ್ಚುವುದು, ಅರೆಯುವುದು, ಹುರಿಯುವುದು, ಗುಡಿಸುವುದು. ಮೊದಲ ಹತ್ತು ನಿಮಿಷ ಬಾಯಲ್ಲಿ ನೀರು ಬರಿಸಿದ ಅದೇ ಒಗ್ಗರಣೆ ಒಂದು ಗಂಟೆಯ ಹೊತ್ತಿಗೆ ಹೊಟ್ಟೆ ತೊಳಸುವ ಹಾಗೆ ಮಾಡುತ್ತದೆ. ಹಿನ್ನೆಲೆ ಸಂಗೀತ ಹೆಚ್ಚೂ ಕಡಿಮೆ ಇಲ್ಲ. ಇರುವುದು ಪಾತ್ರೆ ಸದ್ದು, ನಲ್ಲಿ ಸದ್ದು, ಒಲೆ ಊದುವ ಸದ್ದು. ಕೇರಳ ರಾಜ್ಯ ಪ್ರಶಸ್ತಿಯಲ್ಲಿ ಇದರ ಧ್ವನಿ ವಿನ್ಯಾಸಕ್ಕೂ ಬಹುಮಾನ ಬಂತು. ನನ್ನ ಮಟ್ಟಿಗೆ ಅದು ಪೂರಾ ನ್ಯಾಯ.

ಬೇಸರವಾಗುತ್ತದೆ, ಒಂದೇ ಥರ ಇದೆ ಅಂತ ಕೆಲವರು ಆಗ ದೂರಿದ್ದರು. ಬೇಸರವಾಗಲಿ ಅಂತಲೇ ಅಲ್ವಾ ಹಾಗೆ ಮಾಡಿದ್ದು? ಎರಡು ಗಂಟೆ ನೋಡಲು ಬೇಸರವಾಗುವುದನ್ನು ಒಬ್ಬಳು ನಲವತ್ತು ವರ್ಷ ಮಾಡುತ್ತಾಳೆ.

ಕಥೆ ಹೊಳೆದದ್ದು ಹೇಗೆ ಅಂತ ನಿರ್ದೇಶಕರು ಸಂದರ್ಶನಗಳಲ್ಲಿ ಹೇಳಿಕೊಂಡಿದ್ದಾರೆ. ಮದುವೆಯಾದ ಮೇಲೆ ಸಮಾನತೆ ಅಂತ ಅವರೂ ಅಡುಗೆಮನೆ ಕೆಲಸಕ್ಕೆ ಇಳಿದರು. ಸ್ವಲ್ಪ ದಿನಕ್ಕೇ ಸಾಕಾಯಿತು, ಜೈಲಿನಲ್ಲಿ ಇದ್ದ ಹಾಗೆ ಅನಿಸಿತು. ತಾನು ಬೇಕೆಂದಾಗ ಎದ್ದು ಹೋಗಬಹುದು, ಹೋಗಲಾಗದವರ ಗತಿ ಏನು ಅಂತ ಯೋಚನೆ ಶುರುವಾಯಿತು. ಅಂದರೆ ಈ ಸಿನಿಮಾದ ವಿವರಗಳು ಕೇಳಿ ತಿಳಿದವಲ್ಲ, ಕೈಯಾರೆ ಮಾಡಿ ತಿಳಿದವು. ಮಲಯಾಳಂನ ಒಳ್ಳೆಯ ಸಿನಿಮಾಗಳ ಗುಟ್ಟು ನನಗೆ ಕಾಣುವುದು ಇಲ್ಲೇ. ಅವರು ಸಮಾಜದ ಬಗ್ಗೆ ದೊಡ್ಡ ಮಾತು ಹೇಳಲು ಹೊರಡುವುದಿಲ್ಲ. ಒಂದು ಪೈಪು ಎಲ್ಲಿ ಸೋರುತ್ತದೆ ಅಂತ ಸರಿಯಾಗಿ ನೋಡುತ್ತಾರೆ.

ಶೇ. 94ರ ಊರು

ಈ ಪೈಪು ಸೋರುತ್ತಿರುವುದು ಎಂಥ ಊರಿನಲ್ಲಿ? 2011ರ ಜನಗಣತಿಯ ಪ್ರಕಾರ ಕೇರಳದ ಸಾಕ್ಷರತೆ ಶೇ. 94. ಹೆಂಗಸರದ್ದೇ ಶೇ. 92ರಷ್ಟು. ಸಾವಿರ ಗಂಡಸರಿಗೆ 1084 ಹೆಂಗಸರು. ಹೆಣ್ಣುಮಕ್ಕಳ ಓದು, ಆರೋಗ್ಯ ಅಂತ ಬಂದರೆ ಇಡೀ ದೇಶ ಬೆರಳು ತೋರಿಸುವುದು ಕೇರಳದ ಕಡೆಗೆ.

ಅದೇ ಜನಗಣತಿಯಲ್ಲಿ ಇನ್ನೊಂದು ಅಂಕಿ ಇದೆ. ಕೇರಳದ ಹೆಂಗಸರಲ್ಲಿ ದುಡಿಮೆಗಾರರು ಅಂತ ಲೆಕ್ಕಕ್ಕೆ ಬಂದವರು ಶೇ. 18 ಮಾತ್ರ. ಇದು ದೇಶದ ಸರಾಸರಿಯಾದ ಶೇ. 25ಕ್ಕಿಂತ ಕಡಿಮೆ. ಮನೆಯೊಳಗಿನ ಕೆಲಸವನ್ನು ಈ ಲೆಕ್ಕದಲ್ಲಿ ದುಡಿಮೆ ಅಂತ ಬರೆದುಕೊಳ್ಳುವುದಿಲ್ಲ ಅನ್ನುವುದು ಬೇರೆ ಮಾತು. ಅದನ್ನು ಅಳೆದದ್ದು 2019ರ ಕೇಂದ್ರ ಸರ್ಕಾರದ ಸಮಯ ಬಳಕೆ ಸಮೀಕ್ಷೆ. ದೇಶದಲ್ಲಿ ಮನೆಗೆಲಸ ಮಾಡುವ ಹೆಂಗಸರು ದಿನಕ್ಕೆ ಸರಾಸರಿ 299 ನಿಮಿಷ ಅದಕ್ಕೆ ಕೊಡುತ್ತಾರೆ. ಮಾಡುವ ಗಂಡಸರು 97 ನಿಮಿಷ. ಅದೂ ಮಾಡುವ ಗಂಡಸರೇ ನಾಲ್ಕರಲ್ಲಿ ಒಬ್ಬರು.

ಓದು ಇದೆ, ಕೆಲಸ ಇಲ್ಲ. ಈ ಎರಡು ಅಂಕಿಗಳ ನಡುವಿನ ಜಾಗದಲ್ಲೇ ಸಿನಿಮಾದ ಮನೆ ಇದೆ. ಸೊಸೆ ನೃತ್ಯ ಶಿಕ್ಷಕಿಯ ಕೆಲಸಕ್ಕೆ ಅರ್ಜಿ ಹಾಕುತ್ತೇನೆ ಅಂದಾಗ ಮಾವ ಬೈಯುವುದಿಲ್ಲ. ಅತ್ತೆಯೂ ಸ್ನಾತಕೋತ್ತರ ಪದವಿ ಪಡೆದವಳು, ಕೆಲಸಕ್ಕೆ ಹೋಗದೆ ಮನೆಯಲ್ಲಿ ಉಳಿದದ್ದರಿಂದಲೇ ಮಕ್ಕಳು ಚೆನ್ನಾಗಿ ಬೆಳೆದರು ಅನ್ನುತ್ತಾರೆ. ಮನೆಯಲ್ಲಿ ಹೆಣ್ಣು ಮಾಡುವ ಕೆಲಸ ಮಂತ್ರಿಗಳ ಕೆಲಸಕ್ಕಿಂತ ದೊಡ್ಡದು ಅಂತ ಹೊಗಳುತ್ತಾರೆ. ಪದವಿ ಪಡೆದ ಹೆಂಗಸು ಪೇಸ್ಟ್ ಹಾಕಿದ ಬ್ರಷ್ ಹಿಡಿದು ನಿಂತದ್ದನ್ನು ನಾವು ಆಗಲೇ ನೋಡಿರುತ್ತೇವೆ. ನನಗೆ ಅತಿ ಹೆಚ್ಚು ಕಸಿವಿಸಿಯಾಗಿದ್ದು ಈ ಹೊಗಳಿಕೆ ಕೇಳಿ.

ಇನ್ನೊಂದು ವಿಷಯ. ನೋಡಿದವರು ಹೆಚ್ಚಾಗಿ ಈ ಮನೆಯನ್ನು ನಾಯರ್ ಕುಟುಂಬ ಎಂದೇ ಗುರುತಿಸಿದರು. ನಾಯರ್ ಸಮುದಾಯದಲ್ಲಿ ಮೊದಲಿದ್ದದ್ದು ಮರುಮಕ್ಕತ್ತಾಯಂ. ನಮ್ಮ ತುಳುನಾಡಿನ ಅಳಿಯಸಂತಾನ ಇದೆಯಲ್ಲ, ಹೆಚ್ಚು ಕಡಿಮೆ ಅದೇ ಥರ. ಮನೆತನ ತಾಯಿಯ ಕಡೆಯಿಂದ ಬರುತ್ತಿತ್ತು. ಹೆಣ್ಣು ಹುಟ್ಟಿದ ತರವಾಡಿನಲ್ಲೇ, ಅಂದರೆ ತಾಯಿಯ ಕಡೆಯ ಕುಟುಂಬದ ಮನೆಯಲ್ಲೇ ಉಳಿಯುವುದು, ಗಂಡ ಅಲ್ಲಿಗೆ ಬಂದು ಹೋಗುವುದು ಸಾಮಾನ್ಯವಾಗಿತ್ತು. ಯಜಮಾನಿಕೆ ನಡೆಸುತ್ತಿದ್ದದ್ದು ಕಾರಣವರ್, ಅಂದರೆ ಸೋದರಮಾವ. ಹಾಗಾಗಿ ಅದೇನು ಹೆಂಗಸರ ರಾಜ್ಯ ಆಗಿರಲಿಲ್ಲ. ಆದರೂ ಸೊಸೆ ಗಂಡನ ಅಪ್ಪನ ಮನೆಗೆ ಬಂದು ಅವರ ಚಪ್ಪಲಿ ಎತ್ತಿಡುವ ಏರ್ಪಾಡು ಅಲ್ಲಿ ತೀರಾ ಹಳೇದಲ್ಲ. 1925ರ ತಿರುವಾಂಕೂರು ಕಾಯ್ದೆ, 1933ರ ಮದ್ರಾಸ್ ಕಾಯ್ದೆಗಳು ಒಂದೊಂದಾಗಿ ಹಳೇ ಪದ್ಧತಿಯನ್ನು ಸಡಿಲಿಸಿದವು. 1975ರ ಕಾಯ್ದೆ ಅವಿಭಕ್ತ ಕುಟುಂಬ ಪದ್ಧತಿಯನ್ನೇ ಕೊನೆಗಾಣಿಸಿತು. ಸಿನಿಮಾದ ಮಾವ ಇದೆಲ್ಲ ಅನಾದಿ ಕಾಲದ ಸಂಪ್ರದಾಯ ಅನ್ನುವ ಹಾಗೆ ನಡೆದುಕೊಳ್ಳುತ್ತಾರೆ. ಅವರ ಅಜ್ಜಿಗೆ ಈ ಮನೆಯ ನಿಯಮಗಳು ಹೊಸದಾಗಿ ಕಂಡಿದ್ದರೂ ಆಶ್ಚರ್ಯವಿಲ್ಲ. ಚಿತ್ರ ಈ ಇತಿಹಾಸವನ್ನು ಎಲ್ಲೂ ಎತ್ತುವುದಿಲ್ಲ. ಆದರೆ ಗೊತ್ತಿದ್ದು ನೋಡಿದರೆ ಗೋಡೆಯ ಮೇಲೆ ಸಾಲಾಗಿ ತೂಗುವ ಹಿರಿಯರ ಫೋಟೋಗಳು ಬೇರೆಯೇ ಆಗಿ ಕಾಣುತ್ತವೆ.

ಮಾಲೆ ಹಾಕಿದ ಮೇಲೆ

ಅಡುಗೆಮನೆಯಲ್ಲೇ ನಿಂತಿದ್ದರೆ ಈ ಸಿನಿಮಾ ಇಷ್ಟು ಗದ್ದಲ ಎಬ್ಬಿಸುತ್ತಿರಲಿಲ್ಲ. ಕಥೆಯ ಎರಡನೇ ಭಾಗದಲ್ಲಿ ಗಂಡ, ಮಾವ ಇಬ್ಬರೂ ಶಬರಿಮಲೆಗೆ ಮಾಲೆ ಹಾಕುತ್ತಾರೆ. ಕನ್ನಡದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಕಪ್ಪು ಬಟ್ಟೆ, ಬೆಳಗಿನ ತಣ್ಣೀರು ಸ್ನಾನ, 41 ದಿನದ ವ್ರತ, ಗುರುಸ್ವಾಮಿ, ಇರುಮುಡಿ ಎಲ್ಲ ನಮ್ಮ ಬೀದಿಗಳಲ್ಲೂ ಪ್ರತಿ ವರ್ಷ ಕಾಣುವಂಥದ್ದೇ. ನಮ್ಮ ಮನೆಯಲ್ಲೂ ಮಾಲೆ ಹಾಕಿದವರಿದ್ದಾರೆ. ಆ ದಿನಗಳ ಶಿಸ್ತು, ಶರಣು ಕೂಗುವಾಗಿನ ಆ ಒಂದು ಭಾವ ನನಗೆ ಗೊತ್ತು, ಅದರ ಬಗ್ಗೆ ಗೌರವವೂ ಇದೆ. ಆದ್ದರಿಂದಲೇ ಈ ಭಾಗ ನನಗೆ ನೋಡಲು ಕಷ್ಟವಾಯಿತು. ವ್ರತ ಹಿಡಿದವರಿಗೆ ಮಡಿಯ ಅಡುಗೆ ಮಾಡಿಕೊಡುವವರು ಯಾರು? ಆ 41 ದಿನ ಅವರ ಕೆಲಸ ಎಷ್ಟು ಜಾಸ್ತಿಯಾಗುತ್ತದೆ? ಮಾಲೆ ಹಾಕಿದ ಮನೆಯಲ್ಲಿ ನಾನು ಇದನ್ನು ಯಾವತ್ತೂ ಕೇಳಿರಲಿಲ್ಲ.

ಆ ದಿನಗಳಲ್ಲೇ ಸೊಸೆ ಮುಟ್ಟಾಗುತ್ತಾಳೆ. ಅವಳನ್ನು ಒಂದು ಕೋಣೆಯಲ್ಲಿ ಬೇರೆ ಇಡುತ್ತಾರೆ, ನೆಲದ ಮೇಲೆ ಚಾಪೆ. ಮೇಲ್ವಿಚಾರಣೆಗೆ ಹಿರಿಯ ಹೆಂಗಸೊಬ್ಬರು ಬರುತ್ತಾರೆ. ಗಂಡ ಸ್ಕೂಟರಿನಿಂದ ಬಿದ್ದಾಗ ಎಬ್ಬಿಸಲು ಓಡಿದ ಹುಡುಗಿಯನ್ನು ಅವನು ತಳ್ಳುತ್ತಾನೆ, ಮುಟ್ಟಿದಳು ಅಂತ. ಆಮೇಲೆ ಪರಿಹಾರ ಏನು ಅಂತ ವಿಚಾರಿಸುತ್ತಾನೆ. ಮನೆಗೆಲಸಕ್ಕೆ ಬರುವ ಉಷಾ ಅನ್ನುವ ಹೆಂಗಸಿನದು ಇನ್ನೊಂದು ಕಥೆ. ಅವಳಿಗೆ ಆ ದಿನಗಳಲ್ಲಿ ದೂರ ಕೂರುವ ಅನುಕೂಲವೇ ಇಲ್ಲ. ಕೂತರೆ ಕೂಲಿ ಇಲ್ಲ. ಒಂದು ಸಣ್ಣ ಮಾತುಕತೆಯಲ್ಲಿ ಇದು ಬಂದು ಹೋಗುತ್ತದೆ. ಇನ್ನೂ ಸ್ವಲ್ಪ ಹೊತ್ತು ಉಷಾಳ ಜೊತೆ ಕ್ಯಾಮೆರಾ ಇರಬೇಕಿತ್ತು ಅನ್ನುವುದು ನನ್ನ ತಕರಾರು. ಎದ್ದು ಹೊರಗೆ ಹೋಗುವ ಆಯ್ಕೆ ಸೊಸೆಗಾದರೂ ಇದೆ, ತವರು ಇದೆ, ನೃತ್ಯ ಇದೆ. ಉಷಾಳಿಗೆ ಏನಿದೆ?

ಈ ಭಾಗಕ್ಕೆ ಹಿಂದಿನ ಎರಡು ಮೂರು ವರ್ಷ ನೆನಪಿಟ್ಟುಕೊಳ್ಳಬೇಕು. 2018ರ ಸೆಪ್ಟೆಂಬರ್ 28ರಂದು ಸುಪ್ರೀಂ ಕೋರ್ಟ್ ಎಲ್ಲ ವಯಸ್ಸಿನ ಹೆಂಗಸರಿಗೂ ಶಬರಿಮಲೆ ಪ್ರವೇಶ ಇದೆ ಅಂತ ತೀರ್ಪು ಕೊಟ್ಟಿತು. ಕೇರಳ ಕುದಿಯಿತು. ತೀರ್ಪಿನ ವಿರುದ್ಧ ಹೆಂಗಸರೇ ಸಾವಿರ ಸಾವಿರ ಸಂಖ್ಯೆಯಲ್ಲಿ ನಾಮಜಪ ಮಾಡುತ್ತಾ ಬೀದಿಗೆ ಬಂದರು. 2019ರ ಜನವರಿ 1ರಂದು ಕಾಸರಗೋಡಿನಿಂದ ತಿರುವನಂತಪುರದವರೆಗೆ ಸುಮಾರು 620 ಕಿಲೋಮೀಟರ್ ಉದ್ದಕ್ಕೂ ಸಮಾನತೆಯ ಪರವಾಗಿ ಲಕ್ಷಾಂತರ ಹೆಂಗಸರು ನಿಂತು 'ವನಿತಾ ಮತಿಲ್' ಕಟ್ಟಿದರು. ಮತಿಲ್ ಅಂದರೆ ಗೋಡೆ. ಮರುದಿನ ಬೆಳಗಿನ ಜಾವ ಇಬ್ಬರು ಹೆಂಗಸರು ಗುಡಿಯೊಳಗೆ ಹೋಗಿ ಬಂದರು. ಹರತಾಳ, ಕಲ್ಲುತೂರಾಟ ಎಲ್ಲ ಆಯಿತು. 2019ರ ನವೆಂಬರಿನಲ್ಲಿ ಪ್ರಶ್ನೆ ದೊಡ್ಡ ಪೀಠಕ್ಕೆ ಹೋಯಿತು. ಸಿನಿಮಾದಲ್ಲಿ ಸೊಸೆ ಈ ವಿಷಯದ ಒಂದು ವಿಡಿಯೋವನ್ನು ಫೇಸ್‌ಬುಕ್ಕಿನಲ್ಲಿ ಹಂಚಿಕೊಳ್ಳುತ್ತಾಳೆ. ಅದನ್ನು ಅಳಿಸಿಸಲು ಸಮುದಾಯದ ಗಂಡಸರು ಮನೆಬಾಗಿಲಿಗೆ ಬರುತ್ತಾರೆ. ಬೀದಿಯ ಜಗಳ ಮನೆಯ ಒಳಗೆ ಹೀಗೆ ಕಾಲಿಡುತ್ತದೆ.

ಕೋರ್ಟು, ಪಕ್ಷಗಳು, ಟಿವಿ ಚರ್ಚೆ ಎಲ್ಲವೂ ಗುಡಿಯ ಬಾಗಿಲ ಬಗ್ಗೆ ಮಾತಾಡುತ್ತಿದ್ದವು. ಈ ಸಿನಿಮಾ ಆ ಪ್ರಶ್ನೆಯನ್ನು ಮನೆಯ ಕೋಣೆಯ ಬಾಗಿಲಿಗೆ ತಂದು ನಿಲ್ಲಿಸಿತು. ಬೆಟ್ಟಕ್ಕೆ ಹೋಗುವ ಆಸೆಯೇ ಇಲ್ಲದ ಹೆಂಗಸಿಗೂ ಆ ಕೋಣೆ ಗೊತ್ತಿತ್ತು.

ಊರು ಕೊಟ್ಟ ಉತ್ತರ

ದೊಡ್ಡ ಒಟಿಟಿ ವೇದಿಕೆಗಳು ಮೊದಲು ಬೇಡ ಅಂದವು ಎಂದು ನಿರ್ದೇಶಕರು ಆಮೇಲೆ ಹೇಳಿದರು. ಕೊನೆಗೆ 2021ರ ಜನವರಿ 15ರಂದು ನೀಸ್ಟ್ರೀಮ್ ಅನ್ನುವ ಚಿಕ್ಕ ಮಲಯಾಳಂ ವೇದಿಕೆಯಲ್ಲಿ ಬಿಡುಗಡೆಯಾಯಿತು. ಹಿಂದಿನ ದಿನವಷ್ಟೇ ಮಕರಜ್ಯೋತಿ. ವ್ರತ ಮುಗಿಸಿ ಮಾಲೆ ತೆಗೆಯುತ್ತಿದ್ದ ಮನೆಗಳಿಗೆ ಸಿನಿಮಾ ಬಂತು.

ಒಬ್ಬರಿಂದ ಒಬ್ಬರಿಗೆ ಸುದ್ದಿ ಹೋಗಿ, ಬೇಡ ಅಂದಿದ್ದ ಅಮೆಜಾನ್ ಪ್ರೈಮ್ ಕೂಡ ಕೆಲವೇ ತಿಂಗಳಲ್ಲಿ ತೆಗೆದುಕೊಂಡಿತು. ನಮ್ಮಲ್ಲಿ ಬಹಳ ಜನ ನೋಡಿದ್ದು ಆಗಲೇ. ಹೆಂಗಸರು ತಮ್ಮ ತಮ್ಮ ಅಡುಗೆಮನೆ ಕಥೆ ಬರೆಯತೊಡಗಿದರು. ಒಂದೇ ಧರ್ಮವನ್ನು ಗುರಿ ಮಾಡಿದ್ದಾರೆ, ಬೇರೆಯವರ ಮನೆಯಲ್ಲಿ ಪಾತ್ರೆ ತಾನಾಗೇ ತೊಳೆದುಕೊಳ್ಳುತ್ತದಾ ಅಂತ ಕೇಳಿದವರೂ ಇದ್ದರು. ಅದು ಕೇಳಬೇಕಾದ ಪ್ರಶ್ನೆಯೇ. ಎಲ್ಲ ಧರ್ಮದ ಅಡುಗೆಮನೆಗಳಲ್ಲೂ ಸಿಂಕು ಸೋರುತ್ತದೆ. ಅದಕ್ಕೆ ಈ ಸಿನಿಮಾ ಸುಳ್ಳಾಗುವುದಿಲ್ಲ, ಇನ್ನಷ್ಟು ಸಿನಿಮಾ ಬೇಕು ಅಂತ ಆಗುತ್ತದೆ ಅಷ್ಟೇ. ಈಗಿನ ಕಾಲದಲ್ಲಿ ಎಲ್ಲಿದೆ ಹೀಗೆಲ್ಲ ಅಂದವರಿಗೆ ಮಾತ್ರ ಅವರ ಮನೆಯವರೇ ಉತ್ತರ ಕೊಡಬೇಕು.

ಆ ವರ್ಷ ಅಕ್ಟೋಬರಿನಲ್ಲಿ ಕೇರಳ ಸರ್ಕಾರ 2020ರ ಅತ್ಯುತ್ತಮ ಚಿತ್ರ ಪ್ರಶಸ್ತಿಯನ್ನು ಇದಕ್ಕೇ ಕೊಟ್ಟಿತು. ಚಿತ್ರಕಥೆ ಪ್ರಶಸ್ತಿಯೂ ಜಿಯೋ ಬೇಬಿಗೆ ಬಂತು. ಎರಡನೇ ಅತ್ಯುತ್ತಮ ಚಿತ್ರ 'ತಿಂಕಳಾಳ್ಚ ನಿಶ್ಚಯಂ'. ಅದು ಕಾಞಂಗಾಡಿನ ಒಂದು ಮನೆಯ ನಿಶ್ಚಿತಾರ್ಥದ ಕಥೆ, ಕಾಸರಗೋಡು ಕಡೆಯ ಮಲಯಾಳಂನಲ್ಲಿ. ನಿರ್ದೇಶಕ ಸೆನ್ನಾ ಹೆಗ್ಡೆ ಕನ್ನಡದಲ್ಲಿ 'ಕಥೆಯೊಂದು ಶುರುವಾಗಿದೆ' ಮಾಡಿದವರು. ಅಲ್ಲಿಯೂ ಮನೆಯನ್ನು ತನ್ನ ಮುಷ್ಟಿಯಲ್ಲಿ ಇಟ್ಟುಕೊಂಡ ಅಪ್ಪನೇ ವಿಷಯ, ಧಾಟಿ ಮಾತ್ರ ನಗುವಿನದು. ಒಂದೇ ವರ್ಷ, ಎರಡು ಮನೆ, ಒಬ್ಬನೇ ಅಪ್ಪ. ಒಂದು ಸಮಾಜ ತನ್ನ ಬಗ್ಗೆ ಒಂದೇ ಸಲ ಎರಡು ಕಡೆಯಿಂದ ಯೋಚಿಸುತ್ತಿತ್ತು ಅಂತ ಇದರಿಂದ ತಿಳಿಯುತ್ತದೆ. ಪ್ರಶಸ್ತಿ ಕೊಡುವಷ್ಟು ದೊಡ್ಡ ಮನಸ್ಸು ಅದಕ್ಕೆ ಇತ್ತು ಅನ್ನುವುದನ್ನೂ ನಾವು ಒಪ್ಪಬೇಕು.

ಸಿನಿಮಾದವರ ಮನೆಯ ಸಿಂಕು

ಇಲ್ಲಿಗೇ ನಿಲ್ಲಿಸಿದರೆ ಪ್ರಕರಣ ಅರ್ಧವೇ ಆಗುತ್ತದೆ. ಇಂಥ ಸಿನಿಮಾ ಮಾಡಿದ ಉದ್ಯಮದ ಒಳಗೆ ಹೆಂಗಸರು ಹೇಗಿದ್ದರು?

2017ರಲ್ಲಿ ನಟಿಯೊಬ್ಬರ ಮೇಲೆ ಕಾರಿನಲ್ಲಿ ಹಲ್ಲೆ ನಡೆಯಿತು. ಅದಾದ ಮೇಲೆ ಮಲಯಾಳಂ ಚಿತ್ರರಂಗದ ಹೆಂಗಸರು ಸೇರಿ ವಿಮೆನ್ ಇನ್ ಸಿನಿಮಾ ಕಲೆಕ್ಟಿವ್ ಕಟ್ಟಿದರು. ಅವರ ಒತ್ತಾಯಕ್ಕೆ ಸರ್ಕಾರ ಚಿತ್ರರಂಗದಲ್ಲಿ ಹೆಂಗಸರ ಸ್ಥಿತಿ ಹೇಗಿದೆ ಅಂತ ನೋಡಲು ನ್ಯಾಯಮೂರ್ತಿ ಹೇಮಾ ಸಮಿತಿಯನ್ನು ನೇಮಿಸಿತು. ಸಮಿತಿ 2019ರ ಡಿಸೆಂಬರಿನಲ್ಲಿ ವರದಿ ಕೊಟ್ಟಿತು. ಅದು ಜನರ ಕೈಗೆ ಬಂದದ್ದು 2024ರ ಆಗಸ್ಟ್ 19ರಂದು, ಅದೂ ಹಲವು ಭಾಗ ತೆಗೆದು ಹಾಕಿ. ನಡುವೆ ನಾಲ್ಕೂವರೆ ವರ್ಷಕ್ಕಿಂತ ಜಾಸ್ತಿ.

ಅದರಲ್ಲಿ ಲೈಂಗಿಕ ಶೋಷಣೆಯ ವಿಷಯಗಳಿವೆ, ಸುದ್ದಿಯಾದದ್ದು ಅದೇ. ನನ್ನ ಕಣ್ಣು ನಿಂತದ್ದು ಮತ್ತೊಂದು ಕಡೆ. ಶೂಟಿಂಗ್ ಜಾಗಗಳಲ್ಲಿ ಹೆಂಗಸರಿಗೆ ಶೌಚಾಲಯ ಇರುವುದಿಲ್ಲ, ಬಟ್ಟೆ ಬದಲಿಸಲು ಜಾಗ ಇರುವುದಿಲ್ಲ. ಹಾಗಾಗಿ ಹಲವರು ಇಡೀ ದಿನ ನೀರು ಕುಡಿಯದೆ ಇರುತ್ತಾರೆ. ಮುಟ್ಟಿನ ದಿನಗಳಲ್ಲಂತೂ ಕೇಳುವುದೇ ಬೇಡ. ಒಂದು ಶೌಚಾಲಯ ಕಟ್ಟಿಸಲು, ಒಂದು ವ್ಯಾನ್ ತರಿಸಲು ಎಷ್ಟು ಹೊತ್ತು ಬೇಕು? ಹೇಳಿದ್ದಾರೆ, ಕೇಳಿಸಿಕೊಂಡಿದ್ದಾರೆ, ಆಯ್ತು ಅಂದಿದ್ದಾರೆ. ಮರೆತಿದ್ದಾರೆ. ಪ್ಲಂಬರ್ ಕಥೆಯೇ ಇದೂ.

ಸಿನಿಮಾ ಸಮಾಜದ ಕನ್ನಡಿ ಅನ್ನುವ ಮಾತು ನನಗೆ ಸಾಲದು ಅನಿಸುವುದು ಇದಕ್ಕೇ. ಕನ್ನಡಿ ಹೊರಗೆ ನಿಂತಿರುತ್ತದೆ. ಸಿನಿಮಾ ಮಾಡುವವರು ಆ ಮನೆಯ ಒಳಗೇ ಇದ್ದಾರೆ.

ಕೊನೆಯ ಲೋಟ

ಒಂದು ದಿನ ಹುಡುಗಿ ಸಿಂಕಿನ ಕೊಳೆನೀರನ್ನೇ ಚಹಾ ಲೋಟಕ್ಕೆ ಹಾಕಿ ಕೊಡುತ್ತಾಳೆ. ಸಿಟ್ಟಿನಿಂದ ಅಡುಗೆಮನೆಗೆ ಬಂದ ಗಂಡಸರ ಮೇಲೆ ಬಕೆಟ್ಟಿನಲ್ಲಿದ್ದದ್ದನ್ನೂ ಎರಚಿ ಹೊರಟುಬಿಡುತ್ತಾಳೆ. ತವರಿಗೆ ಹೋದರೆ ಅಲ್ಲಿ ಅಮ್ಮ ಬುದ್ಧಿ ಹೇಳಲು ಶುರು ಮಾಡುತ್ತಾಳೆ. ಅಷ್ಟರಲ್ಲಿ ತಮ್ಮ ಹೊರಗಿನಿಂದ ಬಂದು ನೀರು ಕೇಳುತ್ತಾನೆ. ಅಮ್ಮ ತಂಗಿಯನ್ನು ಕಳಿಸುತ್ತಾಳೆ. ಅಕ್ಕ ಸಿಡಿದು, ನಿನಗೆ ಬೇಕಾದರೆ ನೀನೇ ಹೋಗಿ ಕುಡಿ ಅನ್ನುತ್ತಾಳೆ. ಗಂಡನ ಮೇಲೆ ನೀರು ಎರಚಿದ್ದಕ್ಕಿಂತ ಇದು ನನಗೆ ದೊಡ್ಡದಾಗಿ ಕಂಡಿತು. ಆ ತಮ್ಮನೂ ನಾಳೆ ಯಾರಿಗೋ ಗಂಡನಾಗುವವನೇ.

ಕೊನೆಗೆ ಅವಳು ನೃತ್ಯ ಕಲಿಸುತ್ತಿದ್ದಾಳೆ. ಆ ಮನೆಗೆ ಇನ್ನೊಬ್ಬ ಸೊಸೆ ಬಂದಿದ್ದಾಳೆ. ಗಂಡ ಚಹಾ ಕುಡಿದು ಲೋಟ ಬಿಡುತ್ತಾನೆ, ಹೊಸಬಳು ತೊಳೆಯುತ್ತಾಳೆ.

ಟಿವಿ ಆರಿಸಿದೆ. ಅಮ್ಮ ಸ್ವಲ್ಪ ಹೊತ್ತು ಕೂತೇ ಇದ್ದಳು. ಆಮೇಲೆ ನನ್ನ ಹಾಲಿನ ಲೋಟ ಎತ್ತಿಕೊಳ್ಳಲು ಕೈ ಚಾಚಿದಳು. ಅಷ್ಟರಲ್ಲಿ ನಾನೇ ತೆಗೆದುಕೊಂಡೆ. ಒಳಗೆ ಲೋಟ ತೊಳೆಯುತ್ತಿದ್ದಾಗ ಅವಳು ಹಾಲ್‌ನಿಂದ ಕೇಳಿದಳು:

"ಆ ಎರಡನೇ ಹುಡುಗಿ ಎಷ್ಟು ದಿನ ಇರ್ತಾಳೋ ಏನೋ, ಅಲ್ವಾ?"